ಬೇಲಿ ಮೇಲಿನ ಗೌರಿ: ಬಿಸ್ಲೆಯಿಂದ ಮಾಡಾಳಿನವರೆಗೆ

ಶನಿವಾರ: ಹಾಸನ, ಸಕಲೇಶಪುರ, ಬಿಸ್ಲೆ

ಅಕ್ಕನಿಗೆ ಮಾಡಾಳು ಗೌರಮ್ಮನ ಹರಕೆ ಬಾಕಿ ಇತ್ತು. ನನಗೆ ಬೇಲಿ ಮೇಲೆ ಅರಳಿದ ಗೌರಿ ಹೂ ನೋಡಬೇಕಿತ್ತು. ಭಾವನಿಗೆ ಕೊಟ್ಟಿಗೆಹಾರದ ನೀರುದೋಸೆ ತಿನ್ನಬೇಕಿತ್ತು. ಮಾಡಾಳು ಇರೋದು ಅರಸೀಕೆರೆಯ ಬಯಲಲ್ಲಿ, ಕೊಟ್ಟಿಗೆಹಾರ ಇರೋದು ಚಾರ್ಮಾಡಿ ಘಾಟಿಯ ನೆತ್ತಿಯಲ್ಲಿ. ಗೌರಿ ಹಬ್ಬ ಮಂಗಳವಾರ. ಹಾಗಾಗಿ ಮೊದಲು ಮಲೆನಾಡು ಸುತ್ತಿ, ಹಬ್ಬದ ದಿನಕ್ಕೆ ಬಯಲಿಗೆ ಇಳಿಯೋಣ ಅಂತ ತೀರ್ಮಾನ ಆಯ್ತು. ಕಾರು ಭಾವನದ್ದು, ದಾರಿ ಅಕ್ಕನದ್ದು, "ನಿಲ್ಸಿ ನಿಲ್ಸಿ" ಅನ್ನೋ ಕೂಗು ನನ್ನದು.

ಗೌರಿ ಹೂ ಗೊತ್ತಲ್ಲ? ಹಳದಿ-ಕೆಂಪು ಬಣ್ಣದ್ದು, ಬೇಲಿಗೆ ಹಬ್ಬುತ್ತೆ. ಅಗ್ನಿಶಿಖೆ ಅಂತಲೂ ಕರೀತಾರೆ. ಬೇಸಿಗೆಯಲ್ಲಿ ಅದು ಇದ್ದ ಜಾಗದಲ್ಲಿ ನಿಂತರೂ ಏನೂ ಕಾಣಲ್ಲ, ಗೆಡ್ಡೆ ಮಣ್ಣೊಳಗೆ ಸುಮ್ನೆ ಮಲಗಿರುತ್ತೆ. ಮುಂಗಾರು ಹಿಡಿದ ಮೇಲೆ ಮೊಳಕೆ ಮೇಲೆದ್ದು, ಸಿಕ್ಕಿದ್ದನ್ನು ಹಿಡಿದು ಹತ್ತಿ, ಗೌರಿ ಹಬ್ಬದ ಹೊತ್ತಿಗೆ ಹೂ ಬಿಡುತ್ತೆ. ಚಳಿ ಬೀಳುವ ಹೊತ್ತಿಗೆ ಬಳ್ಳಿ ಒಣಗಿ ಹೋಗಿರುತ್ತೆ. ಮಳೆ ನಿಂತ ಮೇಲೆ ಆರಾಮಾಗಿ ಮಲೆನಾಡು ನೋಡೋಣ ಅಂತ ಡಿಸೆಂಬರಿನಲ್ಲಿ ಬರುವವರಿಗೆ ಇದು ಸಿಗೋದೇ ಇಲ್ಲ. ನೋಡಬೇಕಂದ್ರೆ ನೆನೆಯಬೇಕು.

ಹಾಸನ ದಾಟಿದರೆ ರಸ್ತೆಯ ಎರಡೂ ಕಡೆ ಆಲೂಗಡ್ಡೆ ಹೊಲ. ಮುಂಗಾರಿನ ಬೆಳೆ ಕೀಳುವ ಕಾಲ. ಮೊದಲಿನಷ್ಟು ಹೊಲ ಈಗಿಲ್ಲ. ಅಂಗಮಾರಿ ರೋಗ ಹೊಡೆತ ಕೊಟ್ಟ ಮೇಲೆ ಎಷ್ಟೋ ಜನ ಜೋಳಕ್ಕೆ, ಶುಂಠಿಗೆ ಹೋದರು. ರಸ್ತೆ ಬದಿ ಮೂಟೆ ಇಟ್ಟುಕೊಂಡು ಕೂತಿದ್ದ ಅಜ್ಜಿ ಹತ್ತಿರ ಅಕ್ಕ ಐದು ಕೆಜಿ ತಗೊಂಡಳು. ಪ್ರವಾಸ ಶುರುವಾಗಿ ಅರ್ಧ ಗಂಟೆ ಆಗಿಲ್ಲ, ಆಗಲೇ ಐದು ಕೆಜಿ ಆಲೂಗಡ್ಡೆ ಯಾಕೆ ಅಂತ ಭಾವ ಕೇಳಿದರು. "ಹೊಸ ಆಲೂಗಡ್ಡೆ ಸಿಪ್ಪೆ ನೋಡಿ, ಬೆರಳಲ್ಲಿ ಉಜ್ಜಿದ್ರೆ ಬರುತ್ತೆ" ಅಂದಳು. ಉತ್ತರ ಅಷ್ಟೇ.

ಬಾಳ್ಳುಪೇಟೆಗೆ ಬರುವಷ್ಟರಲ್ಲಿ ಮಳೆ. ಸಕಲೇಶಪುರದಲ್ಲಿ ಹೇಮಾವತಿ ಕೆಂಪಗೆ ತುಂಬಿ ಹರೀತಿತ್ತು. ಮಂಜರಾಬಾದ್ ಕೋಟೆ ಊರು ದಾಟಿ ಮಂಗಳೂರು ರಸ್ತೆಯಲ್ಲೇ ಇದೆ. ಟಿಪ್ಪು ಕಾಲದಲ್ಲಿ, 1792ರಲ್ಲಿ ಕಟ್ಟಿ ಮುಗಿಸಿದ, ಎಂಟು ಮೂಲೆಯ ನಕ್ಷತ್ರದ ಕೋಟೆ. ಅದರ ಆಕಾರ ಕಾಣಬೇಕಾದರೆ ಆಕಾಶದಿಂದಲೇ ನೋಡಬೇಕು. ನಮಗೆ ನೆಲದ ಮೇಲಿಂದ ಮುಂದಿನ ಗೋಡೆಯೂ ಸರಿಯಾಗಿ ಕಾಣಲಿಲ್ಲ, ಅಷ್ಟು ಮಂಜು. ಮೆಟ್ಟಿಲಲ್ಲಿ ಪಾಚಿ ಕಟ್ಟಿತ್ತು. ಮಳೆಗಾಲದಲ್ಲಿ ಹೋಗುವವರು ನುಣುಪು ತಳದ ಚಪ್ಪಲಿ ಬಿಟ್ಟು ಹಿಡಿತ ಇರುವ ಶೂ ಹಾಕಿಕೊಂಡರೆ ಒಳ್ಳೇದು. ಕೋಟೆ ಮೇಲೆ ನಿಂತಾಗ ಒಂದೇ ಒಂದು ಗಾಳಿ ಬಂತು. ಅಕ್ಕನ ಕೊಡೆ ಪೂರ್ತಿ ಉಲ್ಟಾ ಆಗಿ ಕಡ್ಡಿಯೆಲ್ಲ ಆಕಾಶ ನೋಡ್ತಾ ನಿಂತವು. ಕಾಲೇಜು ಹುಡುಗರ ಗುಂಪೊಂದು ಚಪ್ಪಾಳೆ ತಟ್ಟಿತು.

ಸಕಲೇಶಪುರದಿಂದ ಹೆತ್ತೂರು ಕಡೆಗೆ ತಿರುಗಿದ ಮೇಲೆ ರಸ್ತೆ ಸಣ್ಣದು, ಕಾಫಿ ತೋಟದ ನಡುವೆ. ಹೆತ್ತೂರಿಗೆ ಸ್ವಲ್ಪ ಮುಂಚೆ ರಸ್ತೆಗೆ ಅಡ್ಡಲಾಗಿ ಒಂದು ಸಿಲ್ವರ್ ಓಕ್ ಬಿದ್ದಿತ್ತು. ಆಗಲೇ ಇಬ್ಬರು ಗರಗಸದ ಮಿಷಿನ್ ಹಿಡಿದು ಕೊಯ್ಯುತ್ತಿದ್ದರು. ಹಿಂದೆ ನಾಲ್ಕೈದು ಜೀಪು, ಒಂದು ಬಸ್ಸು. ಯಾರಿಗೂ ಅವಸರ ಇರಲಿಲ್ಲ. ಮಲೆನಾಡಿನ ಮಳೆಗಾಲದಲ್ಲಿ ಮರ ಬೀಳೋದು, ಜನ ಇಳಿದು ಬೀಡಿ ಹಚ್ಚೋದು ಎರಡೂ ಟೈಂಟೇಬಲ್‌ನಲ್ಲೇ ಇದ್ದ ಹಾಗೆ ನಡೆಯುತ್ತೆ. ನಾನೂ ಇಳಿದೆ. ಎಡಗಡೆ ತೋಟದ ಬೇಲಿಯ ಮೇಲೆ, ನನ್ನ ಎದೆ ಎತ್ತರಕ್ಕೆ, ಗೌರಿ ಹೂ!

ಹತ್ತಿರ ಹೋಗಿ ನೋಡಿದರೆ ಮೊದಲು ಕಣ್ಣಿಗೆ ಬೀಳೋದು ಎಲೆಯ ತುದಿ. ಎಷ್ಟೋ ಬಳ್ಳಿಗಳಲ್ಲಿ ಹಬ್ಬೋಕೆ ಬೇರೆಯೇ ಕುಡಿ ಇರುತ್ತೆ. ಇದರಲ್ಲಿ ಎಲೆಯೇ ಕೊನೆಗೆ ಸಣ್ಣಗಾಗಿ, ಕುಡಿಯಾಗಿ ಸುರುಳಿ ಸುತ್ತಿಕೊಂಡು ಆಸರೆ ಹಿಡಿಯುತ್ತೆ. ಒಂದು ಎಲೆ ಲಂಟಾನದ ಕಡ್ಡಿಯನ್ನು ಎರಡು ಸುತ್ತು ಸುತ್ತಿತ್ತು, ಬಿಡಿಸೋಕೆ ಹೋದರೆ ಎಲೆ ಹರಿಯುತ್ತೆ ಹೊರತು ಹಿಡಿತ ಬಿಡಲ್ಲ. ಮೊಗ್ಗು ಹಸಿರು, ತಲೆ ಕೆಳಗಾಗಿ ನೇತಾಡುತ್ತೆ. ಅರಳಿದ ಮೇಲೆ ಆರು ದಳವೂ ಹಿಂದಕ್ಕೆ ಮಡಚಿ ಮೇಲಕ್ಕೆ ಎದ್ದು ನಿಲ್ಲುತ್ತವೆ, ಕೋಟೆ ಮೇಲೆ ಅಕ್ಕನ ಕೊಡೆ ನಿಂತ ಹಾಗೆ. ದಳದ ಅಂಚು ಅಲೆ ಅಲೆಯಾಗಿರುತ್ತೆ. ಹೊಸ ಹೂವಿನಲ್ಲಿ ಬುಡ ಹಳದಿ, ತುದಿ ಕೆಂಪು. ದಿನ ಕಳೆದ ಹಾಗೆ ಹಳದಿಯೆಲ್ಲ ಕೆಂಪಿಗೆ ತಿರುಗುತ್ತೆ. ಒಂದೇ ಬಳ್ಳಿಯಲ್ಲಿ ಹಸಿರು ಮೊಗ್ಗು, ಎರಡು ಬಣ್ಣದ ಹೂ, ಪೂರ್ತಿ ಕೆಂಪಾದ ಹೂ ಎಲ್ಲ ಇದ್ದವು. ಕೆಳಗೆ ಆರು ಕೇಸರ ಸುತ್ತಲೂ ಚಾಚಿಕೊಂಡಿದ್ದವು, ಪ್ರತಿಯೊಂದರ ತುದಿಯಲ್ಲಿ ಒಂದೊಂದು ಮಳೆಹನಿ. ಅವುಗಳ ನಡುವೆ ಇರುವ ಶಲಾಕೆ, ಅಂದ್ರೆ ಪರಾಗ ಹಿಡಿಯುವ ಹೆಣ್ಣು ಭಾಗದ ದಂಟು, ನೇರ ಕೆಳಗೆ ಇಳಿಯೋದು ಬಿಟ್ಟು ಪಕ್ಕಕ್ಕೆ, ಸರಿಯಾಗಿ ಮೂಲೆಮಟ್ಟ ಹಿಡಿದ ಹಾಗೆ ತಿರುಗಿರುತ್ತೆ. ತನ್ನದೇ ಪರಾಗ ತನಗೆ ತಾಗದಿರಲಿ, ದೊಡ್ಡ ಚಿಟ್ಟೆ ಬಂದಾಗ ಅದರ ರೆಕ್ಕೆ ತಾಗಲಿ ಅನ್ನೋ ಏರ್ಪಾಡು.

ಪ್ಲಾಸ್ಟಿಕ್ ಕೊಪ್ಪೆ ಹಾಕಿಕೊಂಡು ಬೈಕ್ ಮೇಲೆ ಕಾಯ್ತಿದ್ದವರೊಬ್ಬರು ನನ್ನನ್ನೇ ನೋಡ್ತಿದ್ದರು. ಅದೇ ತೋಟದ ರೈಟರ್ ಅಂತೆ, ಅಂದ್ರೆ ತೋಟದ ಲೆಕ್ಕ, ಆಳು ನೋಡಿಕೊಳ್ಳುವವರು.

"ಮುಟ್ಟಿ ಮೇಡಂ, ಏನಾಗಲ್ಲ. ಕೈ ತೊಳೆದು ಊಟ ಮಾಡಿ ಅಷ್ಟೇ."

"ನಿಮ್ಮ ತೋಟದ ಸುತ್ತ ಎಲ್ಲ ಇದೆಯಾ?"

"ಇತ್ತು. ಈಗ ಈ ಮೂಲೆಲಿ ಮಾತ್ರ. ಆಚೆ ಕಡೆ ಎಲ್ಲ ಸೋಲಾರ್ ಹಾಕಿದೀವಲ್ಲ."

ನನಗೆ ಎರಡಕ್ಕೂ ಏನು ಸಂಬಂಧ ಅಂತ ಹೊಳೆಯಲಿಲ್ಲ. ಅವರೇ ಬಿಡಿಸಿ ಹೇಳಿದರು. ಸಕಲೇಶಪುರ, ಆಲೂರು, ಬೇಲೂರು ಕಡೆ ಆನೆ ಕಾಟ ಗೊತ್ತೇ ಇದೆ. ಸೋಲಾರ್ ತಂತಿಗೆ ಹಸಿ ಬಳ್ಳಿ ತಾಗಿದರೆ ಕರೆಂಟು ಅದರ ಮೂಲಕ ಭೂಮಿಗೆ ಇಳಿದು ಹೋಗುತ್ತೆ. "ಆನೆ ಬರೋ ಹೊತ್ತಿಗೆ ತಂತಿಲಿ ಜೀವ ಇರಲ್ಲ. ಅದಕ್ಕೆ ತಂತಿ ಕೆಳಗೆ ಒಂದು ಹುಲ್ಲೂ ಬಿಡಲ್ಲ ನಾವು. ಮಳೆಗಾಲ ಪೂರ್ತಿ ಕಳೆ ಮಿಷಿನ್ ಓಡ್ತಾನೇ ಇರುತ್ತೆ. ಗೌರಿ ಹೂ ಅಂತ ಅದಕ್ಕೇನು ಗೊತ್ತು?"

"ಗೆಡ್ಡೆ ಇರುತ್ತಲ್ಲ, ಮತ್ತೆ ಬರಲ್ವಾ?"

"ಬರುತ್ತೆ. ಬಂದಷ್ಟು ಸಲ ಹೊಡೀತೀವಿ. ಎಷ್ಟು ವರ್ಷ ಬರುತ್ತೆ ಪಾಪ."

ಅವರ ಮೇಲೆ ಸಿಟ್ಟು ಮಾಡಿಕೊಳ್ಳೋಕೆ ಆಗಲಿಲ್ಲ. ರಾತ್ರಿ ಹಿತ್ತಲಿಗೆ ಆನೆ ಬರುವ ಊರಿನವರಿಗೆ ಹೂವಿನ ಪಾಠ ಹೇಳೋದಕ್ಕೆ ನಾವ್ಯಾರು? ಹೊರಡುವಾಗ ಅವರು ಒಂದು ಮಾತು ಹೇಳಿದರು: ಬೆಳಗಿನ ಜಾವ ವಾಕಿಂಗ್ ಅಂತ ತೋಟದ ರಸ್ತೆಯಲ್ಲಿ ಇಳೀಬೇಡಿ, ಆನೆ ಎಲ್ಲಿದೆ ಅಂತ ಅರಣ್ಯ ಇಲಾಖೆಯವರ ಮೆಸೇಜ್ ಊರಿನವರಿಗೆ ಬಂದಿರುತ್ತೆ, ಕೇಳಿಕೊಂಡು ಹೋಗಿ. ಈ ಕಡೆ ಬರುವ ಎಲ್ಲರಿಗೂ ನಾನು ಇದನ್ನೇ ಹೇಳ್ತೀನಿ.

ಬಿಸ್ಲೆ ವ್ಯೂಪಾಯಿಂಟ್ ತಲುಪಿದಾಗ ನಾಲ್ಕೂವರೆ. ಎದುರಿಗೆ ಇರಬೇಕಾದ ಕುಮಾರಪರ್ವತದ ಸಾಲು ಪೂರ್ತಿ ಬಿಳಿ. ವಾಪಸ್ ತಿರುಗುವಾಗ ಮಂಜು ಸರಿದು, ಕೆಳಗಿನ ಕಾಡು, ಅದರಾಚೆ ಬೆಟ್ಟ, ಅದರ ಮೈ ಮೇಲೆ ಬಿಳಿ ಗೆರೆಯ ಹಾಗೆ ಇಳಿಯುವ ನೀರು ಕಂಡು, ಫೋನ್ ತೆಗೆಯುವಷ್ಟರಲ್ಲಿ ಮತ್ತೆ ಮುಚ್ಚಿತು. ಭಾವನ ಕಾಲ್ಬೆರಳ ಸಂದಿಯಲ್ಲಿ ಇಂಬಳ ಕಚ್ಚಿದ್ದು ಕಾರಿನಲ್ಲಿ ಕೂತ ಮೇಲೇ ಗೊತ್ತಾಗಿದ್ದು. ಜೇಬಿನಲ್ಲಿ ಒಂದು ಚಿಟಿಕೆ ಉಪ್ಪು ಇರಲಿ, ಎಳೆದು ಕೀಳೋಕೆ ಹೋಗಬೇಡಿ.

ರಾತ್ರಿ ಉಳಿದದ್ದು ವಣಗೂರಿನ ಹತ್ತಿರದ ಒಂದು ಮನೆಯಲ್ಲಿ. ಅಕ್ಕಿ ರೊಟ್ಟಿ, ಕಳಲೆ ಪಲ್ಯ, ಮೇಲೆ ತುಪ್ಪ. ಒಲೆ ಪಕ್ಕದಲ್ಲೇ ಊಟ. ಕಳಲೆಯನ್ನು ಹೆಚ್ಚಿ, ದಿನಾ ನೀರು ಬದಲಿಸಿ ಎರಡು ಮೂರು ದಿನ ನೆನೆಸಿದರೇ ಅದರ ನಂಜು ಹೋಗೋದು ಅಂತ ಆ ಮನೆಯ ಅಮ್ಮ ಹೇಳ್ತಿದ್ದರು. ಗೌರಿ ಗೆಡ್ಡೆ ಮಾತು ಬಂತು.

"ಅದನ್ನ ವರ್ಷ ನೆನೆಸಿದ್ರೂ ವಿಷವೇ ಕಣಮ್ಮ. ದನ ಕೂಡ ಮೂಸಿ ನೋಡಿ ಮುಂದೆ ಹೋಗುತ್ತೆ."

ಮಾತು ನಿಜ. ಗಿಡದ ಎಲ್ಲ ಭಾಗದಲ್ಲೂ ಕೊಲ್ಚಿಸಿನ್ ಅನ್ನೋ ವಿಷ ಇದೆ. ಗೆಡ್ಡೆಯಲ್ಲಿ, ಬೀಜದಲ್ಲಿ ಜಾಸ್ತಿ. ಗೆಣಸು ಅಂದುಕೊಂಡು ತಿಂದು ಸತ್ತವರಿದ್ದಾರೆ. ತಿಂದ ತಕ್ಷಣ ಗೊತ್ತಾಗಲ್ಲ, ಕೆಲವು ಗಂಟೆ ಬಿಟ್ಟು ವಾಂತಿ-ಭೇದಿ ಶುರುವಾಗುತ್ತೆ. ಬದುಕಿ ಉಳಿದವರಿಗೂ ಒಂದೆರಡು ವಾರದ ಮೇಲೆ ತಲೆಗೂದಲು ಉದುರುತ್ತೆ. ಅದೇ ಕೊಲ್ಚಿಸಿನ್ನನ್ನು ಲೆಕ್ಕ ಹಾಕಿ ಚೂರೇ ಚೂರು ಕೊಟ್ಟರೆ ಗೌಟ್ ಅನ್ನೋ ಕೀಲುನೋವಿಗೆ ಔಷಧ. ಇದನ್ನೆಲ್ಲ ಕೇಳಿದ ಭಾವ ಎದ್ದು ಹೋಗಿ ಮತ್ತೊಂದು ಸಲ ಕೈ ತೊಳೆದುಕೊಂಡು ಬಂದರು. ಅವರು ಹೂ ಮುಟ್ಟಿಯೂ ಇರಲಿಲ್ಲ.

ಭಾನುವಾರ: ಹಾನುಬಾಳು, ಕೊಟ್ಟಿಗೆಹಾರ, ಚಾರ್ಮಾಡಿ

ಬೆಳಗ್ಗೆ ಸಕಲೇಶಪುರಕ್ಕೆ ವಾಪಸ್, ಅಲ್ಲಿಂದ ಹಾನುಬಾಳು ಮೇಲೆ ಮೂಡಿಗೆರೆ. ಗದ್ದೆಗಳಲ್ಲಿ ನಾಟಿ ಮುಗಿದು ಎಳೆ ಹಸಿರು. ಕಾಫಿ ಗಿಡದಲ್ಲಿ ಹಸಿರು ಕಾಯಿ ಗೊಂಚಲು, ಆದರೆ ಜನರ ಬಾಯಲ್ಲಿ ಕೊಳೆರೋಗದ್ದೇ ಮಾತು. ಮಳೆ ಬಿಡುವು ಕೊಡದಿದ್ದರೆ ಎಲೆ, ಕಾಯಿ ಎರಡೂ ಕಪ್ಪಾಗಿ ಉದುರುತ್ತವೆ. ಜನ್ನಾಪುರದ ಹತ್ತಿರ ಟೀ ಕುಡಿಯುವಾಗ ಬೆಂಚಿನಲ್ಲಿದ್ದ ಹಿರಿಯರೊಬ್ಬರು ನಮ್ಮನ್ನು ನೋಡಿ, "ನಿಮಗೆ ಮಳೆ ಚೆಂದ ಅಲ್ವಾ?" ಅಂದರು. ಚುಚ್ಚಿ ಹೇಳಿದ್ದೇನಲ್ಲ. ಆದರೂ ಟೀ ಬೇಗ ಮುಗಿಸಿದೆವು.

ದಾರಿಯಲ್ಲಿ ಗೌರಿ ಹೂ ಎರಡು ಕಡೆ ಕಂಡಿತು. ಒಂದು ಹಳೆಯ ಮಣ್ಣಿನ ದರೆಯ ಮೇಲೆ, ಇನ್ನೊಂದು ಮುಚ್ಚಿ ಹೋದ ಶಾಲೆಯ ಕಾಂಪೌಂಡಿಗೆ ಒರಗಿಕೊಂಡು. ಆ ಹೊತ್ತಿಗೆ ನನಗೆ ಲೆಕ್ಕ ಸಿಕ್ಕಿತ್ತು. ಎಲ್ಲಿ ಯಾರೂ ಗುದ್ದಲಿ ಹಾಕಿಲ್ಲವೋ, ಎಲ್ಲಿ ಲಂಟಾನ, ಮುಳ್ಳು, ಪೊದೆ ಹಾಗೇ ಬಿಟ್ಟಿದ್ದಾರೋ ಅಲ್ಲಿ ಕಣ್ಣು ಹಾಯಿಸಿದರೆ ಸಾಕು. ಚೊಕ್ಕಟವಾಗಿ ಸುಣ್ಣ ಹೊಡೆದ ಕಲ್ಲುಕಂಬ, ಮುಳ್ಳುತಂತಿ, ಕೆಳಗೆ ಬೋಳು ಮಣ್ಣು ಇರುವ ಕಡೆ ಕಾರು ನಿಧಾನ ಮಾಡೋದೇ ಬೇಡ.

ನೀರುದೋಸೆಯ ವಿಷಯಕ್ಕೆ ಬರೋಣ. ಕೊಟ್ಟಿಗೆಹಾರದಲ್ಲಿ ಬಸ್ಸು ನಿಲ್ಲುವ ಜಾಗದ ಸುತ್ತ ಹೋಟೆಲುಗಳು. ಹೊರಗೆ ಅಡ್ಡ ಮಳೆ, ಒಳಗೆ ಕಾವಲಿಯ ಹೊಗೆ. ದೋಸೆ ಬಟ್ಟಲಿನಿಂದ ಎರಚಿದ ತಕ್ಷಣ ತೂತು ತೂತಾಗಿ ಹರಡುತ್ತೆ, ಮೇಲೆ ಮುಚ್ಚಳ, ತಿರುವಿ ಹಾಕೋದಿಲ್ಲ, ಮಡಚಿ ತಟ್ಟೆಗೆ. ಕಾಯಿಚಟ್ನಿ ಒಂದು ಕಡೆ, ಕಾಯಿ-ಬೆಲ್ಲ ಇನ್ನೊಂದು ಕಡೆ. ಭಾವ ಎಷ್ಟು ತಿಂದರು ಅಂತ ಅಕ್ಕ ಎಣಿಸಿದಳು, ಇಲ್ಲಿ ಬರೀಬೇಡ ಅಂತ ತಾಕೀತು ಆಗಿದೆ. ಬೆಳಗ್ಗೆ ಹತ್ತರ ಒಳಗೆ ಹೋದರೆ ಬಿಸಿ ಬಿಸಿ ಸಿಗುತ್ತೆ. ಆಮೇಲೆ ಧರ್ಮಸ್ಥಳಕ್ಕೆ ಹೋಗುವವರ ಗುಂಪು ಬಂದರೆ ಮೇಜು ಸಿಗೋದೇ ಕಷ್ಟ.

ಘಾಟಿ ಇಳಿಯುವ ಉದ್ದೇಶ ಇರಲಿಲ್ಲ, ಮೇಲಿನ ಕೆಲವು ತಿರುವು ನೋಡಿ ಬರೋಣ ಅಂತ ಹೋದೆವು. ಪ್ರತಿ ತಿರುವಿಗೂ ಒಂದು ಝರಿ. ತಿರುವಿನಲ್ಲೇ ಕಾರು ನಿಲ್ಲಿಸಿ ಫೋಟೋ ತೆಗೆಯುವ ಹುಚ್ಚು ಬೇಡ, ಕೆಳಗಿನಿಂದ ಬಸ್ಸು ಬರೋದು ಮಂಜಿನಲ್ಲಿ ಹತ್ತಿರ ಬರೋವರೆಗೂ ಕಾಣಲ್ಲ. ಅಗಲ ಇರುವ ಕಡೆ ನಿಲ್ಲಿಸಿ ನಡೆದು ಹೋದೆವು. ಗೌರಿ ಹೂ ಇಲ್ಲಿ ಕಾಣಲಿಲ್ಲ. ಬದಲಿಗೆ ನೀರು ಸೋರುವ ಕಪ್ಪು ಬಂಡೆಯ ತುಂಬ ಗುಲಾಬಿ ಬಣ್ಣದ ಕಾಡು ಕರ್ಣಕುಂಡಲ. ಕೆಲವು ಊರುಗಳಲ್ಲಿ ಕರ್ಣಕುಂಡಲಕ್ಕೂ ಗೌರಿ ಹೂ ಅಂತಾರೆ, ಆದರೆ ಇದು ಬೇರೆಯದೇ ಗಿಡ. ಈ ಬಂಡೆ ಮೇಲಿನ ಜಾತಿಗೆ ಕಾಂಡವೇ ಇಲ್ಲ. ಸಣ್ಣ ಗೆಡ್ಡೆಯಿಂದ ನೇರವಾಗಿ ಎಲೆ, ಎಲೆ ನಡುವಿನಿಂದ ಒಂದು ದಂಟು, ಅದರ ತುದಿಯಲ್ಲಿ ಹೂ. ಪಶ್ಚಿಮಘಟ್ಟ ಮತ್ತು ಶ್ರೀಲಂಕಾ ಇದರ ತವರು. ಮಳೆಗಾಲ ಮುಗಿದು ಬಂಡೆ ಒಣಗಿದರೆ ಇದೂ ಗೆಡ್ಡೆಯೊಳಗೆ ಸೇರಿಕೊಳ್ಳುತ್ತೆ.

ವಾಪಸ್ ಹತ್ತುವಾಗ ವೈಪರ್ ನಿಂತುಹೋಯಿತು. ಮಳೆ ಜೋರಾಗಿ ಸುರೀತಿತ್ತು, ಎದುರಿಗೆ ಏನೂ ಕಾಣ್ತಿರಲಿಲ್ಲ. ಅಂಚಿಗೆ ನಿಲ್ಲಿಸಿ ದೀಪ ಹಾಕಿಕೊಂಡು ಕೂತೆವು. ಹಿಂದೆ ಬಂದ ಗೂಡ್ಸ್ ಗಾಡಿಯ ಚಾಲಕ ಇಳಿದು ಬಂದು ನೋಡಿ, "ಹೊಗೆಸೊಪ್ಪು ಐತಾ ಅಣ್ಣ?" ಅಂತ ಭಾವನನ್ನು ಕೇಳಿದ. ಇರಲಿಲ್ಲ. "ಆಲೂಗಡ್ಡೆ?"

ಅಕ್ಕನ ಮುಖ ನೋಡಬೇಕಿತ್ತು. ಒಂದನ್ನು ಅರ್ಧಕ್ಕೆ ಕೊಯ್ದು, ಕೊಯ್ದ ಭಾಗವನ್ನು ಗಾಜಿಗೆ ಚೆನ್ನಾಗಿ ಉಜ್ಜಿದ. ಅದರ ರಸ ತಾಗಿದ ಮೇಲೆ ನೀರು ಹನಿ ಹನಿಯಾಗಿ ನಿಲ್ಲದೆ ತೆಳ್ಳಗೆ ಹರಡಿ ಇಳಿಯುತ್ತೆ, ದಾರಿ ಒಂದು ಮಟ್ಟಿಗೆ ಕಾಣುತ್ತೆ. ಅವನ ಗಾಡಿಯ ಹಿಂದೆಯೇ ನಿಧಾನವಾಗಿ ಕೊಟ್ಟಿಗೆಹಾರ ಸೇರಿದೆವು. ದುಡ್ಡು ಕೊಡೋಕೆ ಹೋದರೆ ಬೇಡ ಅಂದ. ಅಕ್ಕ ಒಂದು ಕವರ್ ತುಂಬ ಆಲೂಗಡ್ಡೆ ಕೊಟ್ಟಳು, ತಗೊಂಡ. ವೈಪರಿನದ್ದು ಒಂದು ನಟ್ಟು ಸಡಿಲ ಆಗಿದ್ದಷ್ಟೇ, ಗ್ಯಾರೇಜಿನವನು ಐದು ನಿಮಿಷದಲ್ಲಿ ಬಿಗಿ ಮಾಡಿ ಕೊಟ್ಟ. ಆಲೂಗಡ್ಡೆ ವಿಷಯ ಇನ್ನು ಹತ್ತು ವರ್ಷ ಮನೆಯಲ್ಲಿ ಕೇಳಬೇಕು ನಾವು.

ಸೋಮವಾರ: ಗಿರಿ

ಚಿಕ್ಕಮಗಳೂರಿನ ಗಿರಿಗೆ ಹೋಗೋಕೆ ಈಗ ವಾಹನಕ್ಕೆ ಮೊದಲೇ ಆನ್‌ಲೈನ್‌ನಲ್ಲಿ ಬುಕ್ ಮಾಡಬೇಕು, ಬೆಳಗ್ಗೆ ಒಂದು ಪಾಳಿ, ಮಧ್ಯಾಹ್ನ ಒಂದು ಪಾಳಿ. ಬೆಳಗಿನದ್ದನ್ನೇ ಹಿಡಿಯಿರಿ. ಸೋಮವಾರ ಆದರೂ ಜನ ಇದ್ದರು. ಕೈಮರ ದಾಟಿ ಏರುತ್ತಾ ಹೋದ ಹಾಗೆ ಮಂಜು ದಟ್ಟವಾಯಿತು. ಮುಳ್ಳಯ್ಯನಗಿರಿ 1,930 ಮೀಟರ್, ರಾಜ್ಯದಲ್ಲೇ ಎತ್ತರದ ಶಿಖರ. ಅಲ್ಲಿ ನಿಂತು ನಮಗೆ ಕಂಡದ್ದು ಗುಡಿಯ ಬಾಗಿಲು, ಹಿಂದಿನ ಮೆಟ್ಟಿಲು, ಒಬ್ಬರ ಹಿಂದೆ ಒಬ್ಬರು ಬರುವ ರೇನ್‌ಕೋಟು. ಗಾಳಿ ಕಿವಿ ಕಿತ್ತುಹೋಗುವಷ್ಟು.

ಬರಿ ಹುಲ್ಲಿನ ಬೆಟ್ಟ, ಹಿಡಿದು ಹತ್ತೋಕೆ ಪೊದೆ ಇಲ್ಲ. ಗೌರಿ ಹೂ ಒಂದೂ ಸಿಗಲಿಲ್ಲ. ಜೋಳ ಸುಡುವವನನ್ನು ವಿಚಾರಿಸಿದೆ. ಅವನು ಪೂರ್ತಿ ಕೇಳಿಸಿಕೊಳ್ಳದೆ, "ಹೂವಾ? ಇನ್ನು 2034ಕ್ಕೆ ಬನ್ನಿ ಅಕ್ಕ" ಅಂದ. ಬಂದವರೆಲ್ಲ ಕುರಿಂಜಿ ಬಗ್ಗೆಯೇ ಕೇಳ್ತಾರಂತೆ. 2022ರಲ್ಲಿ ಇಲ್ಲಿ ಕುರಿಂಜಿ ಅರಳಿ ಬೆಟ್ಟ ನೀಲಿಯಾದಾಗ ಕೈಮರದಿಂದಲೇ ಕಾರಿನ ಸಾಲು. ಹನ್ನೆರಡು ವರ್ಷಕ್ಕೊಮ್ಮೆ ಅಂದ ತಕ್ಷಣ ಜನ ಏಳ್ತಾರೆ. ಪ್ರತಿ ವರ್ಷ ಮನೆ ಮುಂದೆ ಅರಳುವ ಹೂವಿಗೆ ಆ ಭಾಗ್ಯ ಇಲ್ಲ. ಕುರಿಂಜಿ ಒಮ್ಮೆ ಹೂ ಬಿಟ್ಟು ಬೀಜ ಉದುರಿಸಿದ ಮೇಲೆ ಗಿಡವೇ ಸಾಯುತ್ತೆ. ಗೌರಿ ಹೂವಿನ ಲೆಕ್ಕ ಬೇರೆ. ಆ ವರ್ಷದ ಗೆಡ್ಡೆ ಬಳ್ಳಿಗೆ ಅನ್ನ ಕೊಟ್ಟು ಸೊರಗುತ್ತೆ, ಅದರ ಜಾಗದಲ್ಲಿ ಹೊಸ ಗೆಡ್ಡೆ ಎರಡು ಕವಲಾಗಿ ಬೆಳೆದಿರುತ್ತೆ. ಮುಂದಿನ ಮಳೆಗೆ ಅದು.

ಸಂಜೆ ಚಿಕ್ಕಮಗಳೂರಿನ ಲಾಡ್ಜಿನ ಕೆಳಗೆ ಕಾಫಿ ಕುಡಿಯುವಾಗ ಪಕ್ಕದ ಮೇಜಿನಲ್ಲಿ ತಮಿಳುನಾಡಿನ ಒಂದು ಕುಟುಂಬ. ನನ್ನ ಫೋನಿನಲ್ಲಿ ಹೆತ್ತೂರಿನ ಫೋಟೋ ನೋಡಿ ಯಜಮಾನರು ತಾವಾಗಿಯೇ ಮಾತಿಗೆ ಬಂದರು. ಅವರದ್ದು ಧಾರಾಪುರಂ ಕಡೆ. "ಸೆಂಗಾಂದಳ್! ನಮ್ಮ ಸ್ಟೇಟ್ ಫ್ಲವರ್ ಮೇಡಂ" ಅಂದರು, ಅರ್ಧ ಕನ್ನಡ, ಅರ್ಧ ಇಂಗ್ಲಿಷಿನಲ್ಲಿ. ಅವರ ಊರಿನ ಸುತ್ತ ಇದನ್ನು ಹೊಲದಲ್ಲೇ ಬೆಳೀತಾರೆ, ಬೀಜಕ್ಕಾಗಿ. ಬೀಜದಿಂದ ಕೊಲ್ಚಿಸಿನ್ ತೆಗೆಯುವ ಔಷಧ ಕಂಪನಿಗಳಿಗೆ ಹೋಗುತ್ತೆ. ಚಿಟ್ಟೆ ನಂಬಿಕೊಂಡರೆ ಕಾಯಿ ಸಾಲದು ಅಂತ ಬೆಳಗ್ಗೆ ಆಳುಗಳು ಸಾಲಿನಲ್ಲಿ ನಡೆದು ಒಂದೊಂದೇ ಹೂವಿಗೆ ಕೈಯಿಂದ ಪರಾಗ ತಾಗಿಸ್ತಾರೆ. ಬಳ್ಳಿ ಬೀಳದ ಹಾಗೆ ಕಡ್ಡಿ ನೆಟ್ಟು, ತಂತಿ ಎಳೆದು ಹಬ್ಬಿಸ್ತಾರೆ.

"ತಂತಿನಾ?" ಅಂತ ಕೇಳಿದಳು ಅಕ್ಕ.

"ತಂತಿಯೇ. ಪಂದಲ್ ತರಹ."

ಅಲ್ಲಿ ತಂತಿ ಕಟ್ಟಿ ಹಬ್ಬಿಸ್ತಾರೆ, ಇಲ್ಲಿ ತಂತಿಗೆ ಹಬ್ಬಿತು ಅಂತ ಕೊಚ್ತಾರೆ. ಹೆತ್ತೂರಿನ ರೈಟರಿಗೆ ಇದನ್ನು ಹೇಳಿದರೆ ನಗ್ತಿದ್ದರೇನೋ. ಆಫ್ರಿಕಾದಲ್ಲೂ ಇದು ಕಾಡುಬಳ್ಳಿ, ಜಿಂಬಾಬ್ವೆಗೆ ಇದೇ ರಾಷ್ಟ್ರೀಯ ಹೂ. 1947ರಲ್ಲಿ ಆಗಿನ್ನೂ ರಾಜಕುಮಾರಿಯಾಗಿದ್ದ ಎಲಿಜಬೆತ್ ಆ ಕಡೆ ಹೋದಾಗ, ಇದೇ ಹೂವಿನ ಆಕಾರದ ವಜ್ರದ ಬ್ರೂಚ್ ಅನ್ನು ಅಲ್ಲಿನ ಶಾಲಾಮಕ್ಕಳ ಹೆಸರಲ್ಲಿ ಉಡುಗೊರೆ ಕೊಟ್ಟರು. ಈ ವಜ್ರದ ಮಾತಿಗೆ ಮಾತ್ರ ಅಕ್ಕ ಪೂರ್ತಿ ಕಿವಿ ಕೊಟ್ಟಳು.

ಮಂಗಳವಾರ: ಸಖರಾಯಪಟ್ಟಣ, ಅರಸೀಕೆರೆ, ಮಾಡಾಳು

ಬೆಳಗ್ಗೆ ಐದಕ್ಕೇ ಎದ್ದು ಅಕ್ಕ ಲಾಡ್ಜಿನ ರೂಮಿನ ಮೇಜಿನ ಮೇಲೆ ಅರಿಸಿನದ ಗೌರಿ ಮಾಡಿ ಕೂರಿಸಿದ್ದಳು. ಹದಿನಾರು ಗಂಟಿನ ದಾರ ಮನೆಯಿಂದಲೇ ತಂದಿದ್ದಳು. ನನ್ನ ಕೈಗೂ ಕಟ್ಟಿದಳು. ರೂಮ್ ಬಾಯ್ ಬಂದು ಬಾಗಿಲಲ್ಲೇ ಕೈ ಮುಗಿದ, ಆಮೇಲೆ ಕರ್ಪೂರದ ಹೊಗೆ ಅಲಾರಂ ಹೊಡೆಸುತ್ತೆ ಅಂತ ಮೆಲ್ಲಗೆ ಕಿಟಕಿ ತೆರೆದ.

ಕಡೂರು ರಸ್ತೆ ಹಿಡಿದು ಸಖರಾಯಪಟ್ಟಣ ದಾಟಿದರೆ ಮಲೆನಾಡು ಮುಗೀತು. ಬಿಸಿಲು, ತೆಂಗಿನ ತೋಟ, ರಾಗಿ ಹೊಲ. ಮೂರು ದಿನ ಒಣಗದ ನಮ್ಮ ಟವಲುಗಳು ಹಿಂದಿನ ಸೀಟಿನಲ್ಲಿ ಅರ್ಧ ಗಂಟೆಯಲ್ಲಿ ಒಣಗಿದವು. ಇನ್ನು ಗೌರಿ ಹೂ ಎಲ್ಲಿ ಸಿಗುತ್ತೆ ಅಂತ ನಾನು ಕ್ಯಾಮೆರಾ ಚೀಲದೊಳಗೆ ಇಟ್ಟಿದ್ದೆ. ಬಾಣಾವರ ಬಿಟ್ಟು ಒಳದಾರಿ ಹಿಡಿದಾಗ "ನಿಲ್ಸಿ" ಅಂದಿದ್ದು ಭಾವ. ಕಾರು ಓಡಿಸ್ತಾ ಇದ್ದವರೂ ಅವರೇ.

ಕಳ್ಳಿ ಬೇಲಿ. ಆಳೆತ್ತರ. ಅದರ ಉದ್ದಕ್ಕೂ ಗೌರಿ ಹೂ. ಒಂದೆರಡಲ್ಲ, ಕಳ್ಳಿ ಮುಚ್ಚಿಹೋಗುವಷ್ಟು. ಮಲೆನಾಡಿನ ಮಳೆಯಲ್ಲಿ ನೆನೆದು ಬಾಡಿದ ಹೂ ನೋಡಿದ್ದ ಕಣ್ಣಿಗೆ ಬಿಸಿಲಲ್ಲಿ ಇದು ಬೇರೆಯೇ ಬಣ್ಣ. ನೀರು ನಿಂತ ಜಾಗ ಆ ಗೆಡ್ಡೆಗೆ ಆಗಲ್ಲ, ಕೊಳೆಯುತ್ತೆ. ಕಲ್ಲು ಮಿಶ್ರಿತ, ನೀರು ಬಸಿಯುವ ಬೇಲಿ ದಿಬ್ಬ ಅದಕ್ಕೆ ಹೇಳಿ ಮಾಡಿಸಿದ ಜಾಗ. ಕಳ್ಳಿಯ ಹಾಲಿಗೆ, ಮುಳ್ಳಿಗೆ ಹೆದರಿ ಯಾರೂ ಕೈ ಹಾಕಲ್ಲ ಅನ್ನೋದು ಇನ್ನೊಂದು ಅನುಕೂಲ.

ಹೊಲದವರು ಹಸು ಹಿಡಿದುಕೊಂಡು ಬಂದರು. ಎಪ್ಪತ್ತರ ಮೇಲಿನವರು.

"ಫೋಟೋನಾ? ಹೊಡ್ಕಳಿ ಹೊಡ್ಕಳಿ. ಹೋದ ವರ್ಷ ಮಗ ಜೆಸಿಬಿ ತಂದು ಬೇಲಿ ಕೀಳ್ಸಿ ತಂತಿ ಹಾಕ್ಸಣ ಅಂದ. ನಾನು ಬ್ಯಾಡ ಅಂದೆ."

"ಹೂವಿಗೋಸ್ಕರಾನಾ ತಾತ?" ಅಂತ ಕೇಳಿದೆ, ಆಸೆಯಿಂದ.

"ಹೂವಿಗೆ ಯಾತಕ್ಕವ್ವ? ತಂತಿ, ಕಲ್ಲುಕಂಬಕ್ಕೆ ಏಟಾಯ್ತದೆ ಗೊತ್ತಾ? ಕಳ್ಳಿಗೆ ಕಾಸಿಲ್ಲ."

ಹೂ ಕೊಯ್ದುಕೊಳ್ಳಲಾ ಅಂತ ಅಕ್ಕ ಕೇಳಿದ್ದಕ್ಕೆ ಅವರೇ ಕುಡುಗೋಲಿನಿಂದ ಒಂದು ಕವಲು ಕೊಯ್ದು ಕೊಟ್ಟರು. ಗೆಡ್ಡೆ ಬೇಕಾದರೆ ಅಗೆದು ಕೊಡ್ತೀನಿ ಅಂದರು. ಅಕ್ಕ ಹೂಂ ಅನ್ನೋಕೆ ಮುಂಚೆ ಭಾವ, "ಮನೇಲಿ ಮೂರು ವರ್ಷದ ಮೊಮ್ಮಗು ಇದೆ" ಅಂದರು. ತಾತ ತಲೆಯಾಡಿಸಿದರು. "ಅಂಗಾದ್ರೆ ಬ್ಯಾಡ. ಬೀಜ ಬೇಕಾದ್ರೆ ದೀಪಾವಳಿ ಕಳೀಲಿ, ಕಾಯಿ ಬಿರೀತದೆ, ಕೆಂಪುಗೆ ಕಾಣ್ತವೆ."

"ಅದೂ ವಿಷವೇ" ಅಂದರು ಭಾವ.

ಅರಸೀಕೆರೆಯಿಂದ ಕಣಕಟ್ಟೆ ಕಡೆ ಹೋಗುವ ರಸ್ತೆ ತುಂಬ ಬಸ್ಸು, ಟ್ರ್ಯಾಕ್ಟರು, ಆಟೋ. ಎಲ್ಲವೂ ಮಾಡಾಳಿಗೆ. ಕಾರನ್ನು ಊರಿಗೆ ಬಹಳ ಹಿಂದೆಯೇ ನಿಲ್ಲಿಸಿ ನಡೆಯೋದು ವಾಸಿ, ಒಳಗೆ ಹೋದರೆ ಹೊರಗೆ ಬರೋಕೆ ಸಂಜೆ ಆಗುತ್ತೆ. ಇಲ್ಲಿ ಗೌರಮ್ಮನಿಗೆ ಮೂಗುತಿ ಇಟ್ಟ ಮೇಲೆ ಜೀವಕಳೆ ಬರುತ್ತೆ ಅನ್ನೋದು ನಂಬಿಕೆ. ಹಬ್ಬದ ದಿನ ಶುರುವಾದ ಜಾತ್ರೆ ದಿನಗಟ್ಟಲೆ ನಡೆಯುತ್ತೆ, ಹಾಗಾಗಿ ಮೊದಲ ದಿನದ ನೂಕುನುಗ್ಗಲು ಬೇಡ ಅನ್ನುವವರು ಎರಡು ದಿನ ಬಿಟ್ಟು ಬರಬಹುದು. ಅಕ್ಕನಿಗೆ ಇದನ್ನು ಹೇಳಿ ಪ್ರಯೋಜನ ಇಲ್ಲ. ಸಾಲಿನಲ್ಲಿ ಮಡಿಲಕ್ಕಿ, ಸೀರೆ ಹಿಡಿದ ಹೆಂಗಸರು. ಕರ್ಪೂರದ ಬಿಸಿ ದೂರಕ್ಕೇ ಮುಖಕ್ಕೆ ಹೊಡೀತಿತ್ತು.

ಹೂವಿನ ಅಂಗಡಿಗಳಲ್ಲಿ ಸೇವಂತಿಗೆ, ಕನಕಾಂಬರ, ಮಲ್ಲಿಗೆ, ತಾವರೆ. ಗೌರಿ ಹೂ ಇದೆಯಾ ಅಂತ ಒಂದು ಅಂಗಡಿಯಲ್ಲಿ ಕೇಳಿದೆ. ಹೂ ಕಟ್ಟುತ್ತಿದ್ದಾಕೆ ತಲೆ ಎತ್ತದೆ, "ಅದನ್ನ ಯಾರು ದುಡ್ಡು ಕೊಟ್ಟು ಕೊಳ್ತಾರಕ್ಕ? ಬೇಲಿಲಿ ಸಿಕ್ತದೆ" ಅಂದಳು. ಅಕ್ಕನ ತಟ್ಟೆಯಲ್ಲಿದ್ದ ಕವಲು ಆಮೇಲೆ ನೋಡಿ, "ಎಲ್ಲಿ ಸಿಕ್ತು? ನಮ್ಮ ಕಡೆ ಈಗ ಕಾಣಲ್ಲ" ಅಂತ ಸೇರಿಸಿದಳು.

ಸಾಲಿನಲ್ಲಿ ಎರಡೂವರೆ ಗಂಟೆ. ಕವಲಿನಲ್ಲಿದ್ದ ಐದು ಹೂವಿನಲ್ಲಿ ಒಂದನ್ನು ಮುಂದಿದ್ದ ಹುಡುಗಿ ಕೇಳಿ ಇಸ್ಕೊಂಡಳು, ಒಂದು ಯಾರದ್ದೋ ಮೊಣಕೈಗೆ ಸಿಕ್ಕಿ ಉದುರಿತು. ಉಳಿದ ಮೂರನ್ನು ಮಡಿಲಕ್ಕಿಯ ಜೊತೆ ಒಳಗೆ ತಗೊಂಡರು.

ವಾಪಸ್ ಹಾಸನದ ದಾರಿಯಲ್ಲಿ ಅಕ್ಕ ಬೀಜದ ಮಾತು ತೆಗೆದಳು. ಬೀಜ ಮೊಳೆಯೋಕೇ ತಿಂಗಳುಗಟ್ಟಲೆ ಹಿಡಿಯುತ್ತೆ, ಮೊಳೆತ ಗಿಡ ಹೂ ಬಿಡೋಕೆ ಇನ್ನೂ ಎರಡು ಮೂರು ವರ್ಷ ಅಂತ ಹೇಳಿದೆ. ಹಾಗಾದರೆ ಒಳ್ಳೇದೇ ಆಯ್ತು, ಅಷ್ಟು ಹೊತ್ತಿಗೆ ಮೊಮ್ಮಗುವಿಗೆ ತಿಳುವಳಿಕೆ ಬಂದಿರುತ್ತೆ ಅನ್ನೋದು ಅವಳ ವಾದ. ಹಿತ್ತಲ ಬೇಲಿ ಕಿತ್ತು ಕಾಂಪೌಂಡ್ ಕಟ್ಟಿಸೋಕೆ ಮೇಸ್ತ್ರಿಗೆ ಆಗಲೇ ಅಡ್ವಾನ್ಸ್ ಕೊಟ್ಟಾಗಿದೆ ಅನ್ನೋದು ಭಾವನ ವಾದ. ಗಂಡಸಿ ದಾಟಿದರೂ ಮುಗಿದಿರಲಿಲ್ಲ.